ವಾಡಿಯಲ್ಲಿ ನಾನು ಅವ್ವನಾದ ಮಳೆಗಾಲ

ಸಿನಿಮಾದಲ್ಲಿ ನಾಯಕಿಗೆ ಕಾರು ಬರುತ್ತದೆ, ನಾಯಕಿಯ ಅತ್ತೆಗೆ ರೈಲಿನ ಟಿಕೆಟ್ಟು. ಅದಕ್ಕೆಲ್ಲ ಬೇಜಾರು ಮಾಡಿಕೊಳ್ಳುವ ವಯಸ್ಸು ದಾಟಿದೆ. ಮೊನ್ನೆ ಶಹಾಬಾದಿನ ಕಲ್ಲಿನ ಗಣಿಯಲ್ಲಿ ಶೂಟಿಂಗ್ ಇತ್ತು. ಕಲ್ಲು ಒಡೆದು ಮಗನನ್ನು ಓದಿಸುವ ವಿಧವೆ ತಾಯಿಯ ಪಾತ್ರ ನನ್ನದು. ಮಗನ ಪಾತ್ರ ಮಾಡುವವರು ನನಗಿಂತ ಆರು ವರ್ಷ ದೊಡ್ಡವರು, ಅವರು ಕಾರಿನಲ್ಲಿ ಮೊದಲೇ ಹೋಗಿದ್ದರು. ನಾನು ಮತ್ತು ಹೇರ್ ಡ್ರೆಸರ್ ಶೈಲಾ ರೈಲಿನಲ್ಲಿ ಬಂದು ಬೆಳಿಗ್ಗೆ ವಾಡಿ ಜಂಕ್ಷನ್ನಿನಲ್ಲಿ ಇಳಿದೆವು. ಶಹಾಬಾದಿನ ಪ್ಯಾಸೆಂಜರ್ ಗಾಡಿ ತಡ ಎಂದರು. ಎಷ್ಟು ತಡ ಎಂದು ಕೇಳಿದ್ದಕ್ಕೆ ಸ್ಟೇಷನ್ನಿನವರು ಆಕಾಶ ನೋಡಿದರು.

ನಾವು ಕುಳಿತಿದ್ದಂತೆಯೇ ಪ್ಲಾಟ್‌ಫಾರ್ಮಿನ ಫರಸಿ ಹಾಸುಗಲ್ಲಿನ ಮೇಲೆ ಮಳೆ ಹನಿಯಿತು. ಒದ್ದೆ ಕಲ್ಲು, ಕಲ್ಲಿದ್ದಲ ಹೊಗೆ, ನೆಂದ ಸಿಮೆಂಟಿನ ಧೂಳು, ಮೂರೂ ಕೂಡಿ ಒಂದು ಕಮಟು ವಾಸನೆ ಎದ್ದಿತು. ನನ್ನ ಕೈ ತಾನಾಗಿಯೇ ತಲೆಗೆ ಹೋಯಿತು, ಬಿಳಿ ಪುಡಿ ಕೊಡವಿಕೊಳ್ಳಲು. ಪುಡಿ ಇರಲಿಲ್ಲ. ಈಗ ಅಲ್ಲಿರುವುದು ನನ್ನದೇ ನರೆ.

"ಇಲ್ಲೇ ಕೂತಿರು, ಊರು ನೋಡಿ ಬರ್ತೀನಿ" ಎಂದೆ ಶೈಲಾಳಿಗೆ. ಈ ಊರಲ್ಲಿ ನೋಡುವುದಕ್ಕೆ ಏನಿದೆ ಎಂದು ಅವಳು ಸುತ್ತಮುತ್ತ ಕಣ್ಣಾಡಿಸಿದಳು. ಅವಳ ತಪ್ಪಲ್ಲ. ನಾನು ಈ ಊರನ್ನು ಒಂದು ಇಡೀ ಮಳೆಗಾಲ ನೋಡಿದ್ದೇನೆ, ಹೊರಗೆ ಹೋಗುವ ದಾರಿ ಎಲ್ಲಿದೆ ಎಂದು ಹುಡುಕುತ್ತ.

ಆಗಿನ್ನೂ ನಮ್ಮ ರಾಜ್ಯಕ್ಕೆ ಮೈಸೂರು ಎಂದೇ ಹೆಸರು. ನನಗೆ ಇಪ್ಪತ್ತೆರಡು ತುಂಬಿತ್ತು. ಊರೂರು ಸುತ್ತುವ ಒಂದು ನಾಟಕ ಕಂಪನಿಯಲ್ಲಿ ನಾಯಕಿಯ ಗೆಳತಿಯಾಗಿ, ದಾಸಿಯಾಗಿ, ಹಿಂದಿನ ಸಾಲಿನಲ್ಲಿ ಕುಣಿಯುವವಳಾಗಿ ಇದ್ದೆ. ನಾಯಕಿ ಲೀಲಾಬಾಯಿ. ನನಗಿಂತ ಹನ್ನೆರಡು ಹದಿಮೂರು ವರ್ಷ ಹಿರಿಯಳು, ಬಣ್ಣ ಹಚ್ಚಿದರೆ ನನಗಿಂತ ಕಿರಿಯಳು. ನಾಯಕ ನಮ್ಮ ಮಾಲಕರೇ. ಹೊಟ್ಟೆ ಬಂದಿತ್ತು, ಪಟ್ಟಿ ಬಿಗಿದು ಕಟ್ಟಿಕೊಂಡು ಕಾಲೇಜು ಹುಡುಗನಾಗುತ್ತಿದ್ದರು.

ಆ ವರ್ಷ ಸೇಡಂ ಮುಗಿಸಿ ಚಿತ್ತಾಪುರದಲ್ಲಿ ಕ್ಯಾಂಪು ಹಾಕಿದ್ದೆವು. ನಮ್ಮಲ್ಲಿ ತಾಯಿ ಪಾತ್ರಗಳನ್ನೆಲ್ಲ ಮಾಡುತ್ತಿದ್ದವಳು ತುಂಗಕ್ಕ. ಅವಳ ಮಗಳ ಹೆರಿಗೆ ಹತ್ತಿರ ಬಂತೆಂದು ಸೇಡಮ್ಮಿಗೆ ಹೋದಳು. ಮಾಲಕರು ನನ್ನನ್ನು ಕರೆದರು.

"ಎಂಟು ದಿನದ ಮಾತು ಗಿರಿಜಾ. ತುಂಗಕ್ಕ ಬರೋತನಕ ಬಿಳಿ ಸೀರಿ ಉಡು."

"ನಾನಾ? ನಿಮಗ ಅವ್ವ ಆಗ್ಲೇನ್ರಿ? ಮಂದಿ ನಗ್ತಾರ."

"ನಗಂಗಿಲ್ಲ. ಬೆನ್ನ ಬಾಗ್ಸು, ನಡುನಡುವ ಕೆಮ್ಮು, ಸಾಕು. ವಾಡಿಗಿ ಹೋದ ಮ್ಯಾಲ ಹೊಸ ನಾಟಕ ಹಚ್ಚತೀನಿ. ಅದರಾಗ ನೀನೇ ನಾಯಕಿ. ಖರೇ ಹೇಳ್ಲಿಕತ್ತೀನಿ."

ನಂಬಿದೆ. ನಂಬದೆ ಏನು ಮಾಡಲಿ? ಹದಿನಾಲ್ಕನೇ ವಯಸ್ಸಿನಿಂದ ಹಿಂದಿನ ಸಾಲಿನಲ್ಲಿ ಕುಣಿದವಳಿಗೆ ಯಾರಾದರೂ ಮುಂದಿನ ಸಾಲು ತೋರಿಸಿದರೆ ಸಾಕಿತ್ತು. ಕಂಪನಿಯಲ್ಲಿ ನಾಯಕಿ ತನ್ನ ಸೀರೆ, ಬಳೆ ತಾನೇ ತರಬೇಕು. ಚಿತ್ತಾಪುರದ ಸಂತೆಯಲ್ಲಿ ಒಂದು ಹಸಿರು ಇಳಕಲ್ ಸೀರೆ, ಹಸಿರು ಗಾಜಿನ ಬಳೆ ತಂದು ಟ್ರಂಕಿನ ತಳದಲ್ಲಿಟ್ಟೆ. ಮೇಲೆ ತುಂಗಕ್ಕನ ಬಿಳಿ ಸೀರೆ. ತಲೆಗೆ ಸಫೇದಾ ಎಂಬ ಬಿಳಿ ಪುಡಿ ಹಚ್ಚಿಕೊಂಡು, ಕೈ ಬರಿದು ಮಾಡಿ, ಹಣೆ ಬರಿದು ಮಾಡಿ ರಂಗದ ಮೇಲೆ ಹೋದೆ. ನಲವತ್ತು ದಾಟಿದ ಮಾಲಕರು ಓಡಿ ಬಂದು "ಅವ್ವಾ" ಎಂದು ನನ್ನ ಮಡಿಲಲ್ಲಿ ತಲೆಯಿಟ್ಟರು. ಯಾರೂ ನಗಲಿಲ್ಲ. ಅಲ್ಲಿಗೆ ನನ್ನ ಕಥೆ ಮುಗಿಯಿತು, ನನಗದು ಗೊತ್ತಾಗಲಿಲ್ಲ.

ಸೇಡಮ್ಮಿನಲ್ಲಿ ತುಂಗಕ್ಕನಿಗೆ ಮೊಮ್ಮಗ ಹುಟ್ಟಿದ. ಅವಳು ಮರಳಿ ಬರಲೇ ಇಲ್ಲ. ನಿಜವಾದ ಅವ್ವ ಮನೆ ಸೇರಿದಳು, ಸುಳ್ಳು ಅವ್ವ ಸಿಕ್ಕಿಬಿದ್ದಳು.

ವಾಡಿಗೆ ನಾವು ಬಂದದ್ದೂ ಮಳೆ ಹಿಡಿದದ್ದೂ ಒಂದೇ ವಾರ. ಸ್ಟೇಷನ್ನಿನ ಮಗ್ಗುಲಿನ ಬಯಲಿನಲ್ಲಿ ತಗಡಿನ ಥೇಟರು ಕಟ್ಟಿದರು. ತಗಡಿನ ಮೇಲೆ ಮಳೆ ಬಿದ್ದರೆ ಮಾತು ಕೇಳುವುದಿಲ್ಲ. ಹಾಸ್ಯದ ನಾಟಕ ಹಾಕಿ ನೋಡಿದರು, ಏನೂ ಕೇಳಿಸದೆ ಜನ ಎದ್ದು ಹೋದರು. ಪೌರಾಣಿಕ ಹಾಕಿದರು, ದೇವರ ಮಾತೂ ಕೇಳಿಸಲಿಲ್ಲ. ನಮ್ಮ ಈ ತಾಯಿ-ಮಗನ ನಾಟಕ ಮಾತ್ರ ನಿಂತಿತು. ಅಳು ಕೇಳಬೇಕಾಗಿಲ್ಲ, ಕಂಡರೆ ಸಾಕು. ನಾಟಕಕ್ಕೆ ಬೇರೆ ಹೆಸರಿತ್ತು, ವಾಡಿಯ ಜನ ಅದನ್ನು 'ಅವ್ವನ ನಾಟಕ' ಎಂದು ಕರೆದರು.

ಅದು ರೈಲ್ವೆಯವರ ಊರು, ಸಿಮೆಂಟ್ ಫ್ಯಾಕ್ಟರಿಯವರ ಊರು. ಆಡಕಿಯಲ್ಲೋ ಕೊಡ್ಲಿಯಲ್ಲೋ ಅವ್ವನನ್ನು ಬಿಟ್ಟು ಕೂಲಿಗೆ ಬಂದವರು, ಸೊಲ್ಲಾಪುರದಿಂದ ವರ್ಗವಾಗಿ ಬಂದವರು. ಎಲ್ಲರಿಗೂ ಎಲ್ಲೋ ಒಬ್ಬಳು ಅವ್ವ ಇದ್ದಳು, ಅಥವಾ ಇಲ್ಲವಾಗಿದ್ದಳು. ನಾನು ಸಾಯುವ ಹಾಡಿಗೆ 'ಒನ್ಸ್ ಮೋರ್' ಕೂಗುತ್ತಿದ್ದರು. ಕಂಪನಿ ನಾಟಕದ ಪದ್ಧತಿ ಅದು, ಕೂಗಿದರೆ ಮತ್ತೆ ಹಾಡಬೇಕು. ಸತ್ತವಳು ಎದ್ದು, ಕೆಮ್ಮಿ, ಹಾಡಿ, ಮತ್ತೆ ಸಾಯುತ್ತಿದ್ದೆ. ವಾಡಿಯ ಜನ ನನ್ನನ್ನು ಒಂದೇ ಸಲಕ್ಕೆ ಸಾಯಲು ಬಿಟ್ಟ ದಿನವೇ ನೆನಪಿಲ್ಲ.

ಹೊಸ ನಾಟಕದ ಮಾತು ಎತ್ತಿದಾಗಲೆಲ್ಲ ಮಾಲಕರು ತುಂಬಿದ ಥೇಟರು ತೋರಿಸುತ್ತಿದ್ದರು. "ಇದನ್ನ ನಿಲ್ಲಿಸು ಅಂತೀ ಏನು?" ಮುಂದಿನ ಕ್ಯಾಂಪು ಚಿಂಚೋಳಿಯ ಹತ್ತಿರ ಚಂದಾಪುರದಲ್ಲಿ ಎಂದು ಗೊತ್ತಾಗಿತ್ತು. ಅಲ್ಲಿಗೆ ಹೋದರೆ ಬೇರೆ ಊರು, ಬೇರೆ ನಾಟಕ. ಆದರೆ ಕಾಗಿಣಾ ನದಿ ತುಂಬಿ ದಾರಿ ಕಟ್ಟಿತು. ಎರೆಮಣ್ಣಿನ ರಸ್ತೆಯಲ್ಲಿ ನಮ್ಮ ಸಾಮಾನಿನ ಲಾರಿ ಗಾಲಿಯ ಅರ್ಧಕ್ಕೆ ಹುಗಿದು, ಅಲ್ಲೇ ಕೂತುಬಿಟ್ಟಿತು. ಕೋಣೆಯಲ್ಲಿ ಮಲಗಿದರೆ ರೈಲುಗಳು ಕೂಗುವುದು ಕೇಳಿಸುತ್ತಿತ್ತು. ಮುಂಬಯಿಗೊಂದು, ಮದ್ರಾಸಿಗೊಂದು, ಹೈದರಾಬಾದಿಗೊಂದು. ಎಲ್ಲ ದಿಕ್ಕಿಗೂ ಗಾಡಿ ಹೋಗುವ ಊರಿನಲ್ಲಿ ನಾನು ಒಂದು ಬಿಳಿ ಸೀರೆಯೊಳಗೆ ಸಿಕ್ಕಿಕೊಂಡಿದ್ದೆ.

ಊರು ನನ್ನನ್ನು ಹಗಲಿನಲ್ಲೂ ಬಿಡಲಿಲ್ಲ. ಬಜಾರಿಗೆ ಹೋದರೆ ಕಾಯಿಪಲ್ಲೆಯವಳು ಎದ್ದು ನಿಲ್ಲುವಳು. ಹಿಟ್ಟಿನ ಗಿರಣಿಯಲ್ಲಿ ಸರದಿ ಬಿಟ್ಟುಕೊಡುವರು. ಗಡ್ಡ ಬಂದ ಗಂಡಸರು "ಅವ್ವಾ, ಹುಷಾರ ಹೋಗ್ರಿ, ರಾಡಿ ಭಾಳ ಅದ" ಎನ್ನುವರು. ಹೆಂಗಸರು ಸೊಸೆಯಂದಿರ ಜಗಳ ತಂದು ನನ್ನ ಮುಂದಿಡುವರು. ಮದುವೆಯೇ ಆಗದ ನಾನು ಸೊಸೆ ಹೇಗಿರಬೇಕೆಂದು ಹೇಳುತ್ತಿದ್ದೆ, ಅವರು ತಲೆದೂಗುತ್ತಿದ್ದರು. ಮೊದಮೊದಲು ನಗು ಬರುತ್ತಿತ್ತು. ಆಮೇಲೆ ಕನ್ನಡಿ ನೋಡಿಕೊಳ್ಳಲು ಶುರು ಮಾಡಿದೆ. ಪುಡಿ ತೊಳೆದ ಮೇಲೂ ಕೂದಲು ಕಪ್ಪಾಗಿದೆಯೇ ಎಂದು ದೀಪದ ಹತ್ತಿರ ಹಿಡಿದು ನೋಡುತ್ತಿದ್ದೆ.

ನನಗೆ ಕೋಣೆ ಬಾಡಿಗೆಗೆ ಕೊಟ್ಟಿದ್ದವಳು ಖೈರುನ್ನಿಸಾ ಚಾಚಿ. ಗಂಡ ರೈಲ್ವೆಯಲ್ಲಿದ್ದು ತೀರಿಕೊಂಡಿದ್ದ. ನಾಟಕ, ಸಿನಿಮಾ ಯಾವುದಕ್ಕೂ ಹೋದವಳಲ್ಲ. ಅದಕ್ಕೇ ಇರಬೇಕು, ಇಡೀ ವಾಡಿಯಲ್ಲಿ ನನ್ನನ್ನು ಹುಡುಗಿಯಂತೆ ಕಂಡವಳು ಅವಳೊಬ್ಬಳೇ.

"ಏ ಪೋರಿ, ಎಣ್ಣಿ ಹಚ್ಕೋ ಬಾ. ತೆಲಿ ಏನು ಹಂಗ ಇಟ್ಕೊಂಡಿ, ಹುಲ್ಲಿನ ಬಣವಿ!" ಎಂದು ಎಳೆದು ಕೂರಿಸಿ ಪುಡಿಯೆಲ್ಲ ಹೋಗುವ ತನಕ ತಲೆ ತಿಕ್ಕುವಳು. ಆ ಅರ್ಧ ಗಂಟೆ ನನಗೆ ಇಪ್ಪತ್ತೆರಡು ವರ್ಷ ಇರುತ್ತಿತ್ತು.

ಇನ್ನೊಬ್ಬನ ಕಣ್ಣಿನಲ್ಲೂ ನಾನು ಹಾಗೆಯೇ ಇದ್ದೇನೆ ಎಂದುಕೊಂಡಿದ್ದೆ. ಶರಣಪ್ಪ. ಇಂಜಿನ್ನಿಗೆ ಕಲ್ಲಿದ್ದಲು ಹಾಕುವ ಫೈರ್‌ಮನ್. ಡ್ಯೂಟಿ ಇಲ್ಲದ ದಿನವೆಲ್ಲ ಮುಂದಿನ ಚಾಪೆಯ ಮೇಲೆ ಬಂದು ಕೂರುತ್ತಿದ್ದ. ಎಷ್ಟು ತೊಳೆದರೂ ಹೋಗದ ಮಸಿ ರೆಪ್ಪೆಯಂಚಿಗೆ ನಿಂತು, ಅವನ ಕಣ್ಣಿಗೆ ಯಾರೋ ಕಾಡಿಗೆ ಹಚ್ಚಿದ ಹಾಗಿತ್ತು. ರಂಗದ ಮೇಲೆ ಬರುತ್ತಲೇ ನಾನು ಮೊದಲು ಆ ಚಾಪೆ ನೋಡುತ್ತಿದ್ದೆ. ಅವನು ನನ್ನನ್ನೇ ನೋಡುತ್ತಿದ್ದ, ಲೀಲಾಬಾಯಿ ಕುಣಿಯುವಾಗಲೂ. ಮನಸ್ಸಾಯಿತು. ಮುಚ್ಚಿಡುವುದೇನು, ಬೆನ್ನು ಬಾಗಿಸಿ ಕೆಮ್ಮುತ್ತ ಕೆಮ್ಮುತ್ತಲೇ ಒಬ್ಬ ಹುಡುಗನ ಮೇಲೆ ಮನಸ್ಸಿಟ್ಟೆ.

ಶ್ರಾವಣದಲ್ಲಿ ಒಂದು ಬೆಳಿಗ್ಗೆ ಅವನು ಚಾಚಿಯ ಅಂಗಳಕ್ಕೆ ಬಂದ. ನನ್ನ ಮುಖ ನೋಡಲಿಲ್ಲ, ಹೊಸ್ತಿಲು ನೋಡಿಕೊಂಡು ಹೇಳಿದ:

"ಶುಕ್ರವಾರ ಮನ್ಯಾಗ ಉಡಿ ತುಂಬೋದದರಿ. ನೀವು ಬರಲೇಬೇಕಂತ ವೈನಿ ಹೇಳ್ಯಾರ."

ವೈನಿ ಎಂದರೆ ಅವನ ಅಣ್ಣನ ಹೆಂಡತಿ, ಮಹಾದೇವಿ. ತಾಯಿ ಇಲ್ಲದ ಅವನನ್ನು ಸಾಕಿದವಳು. ಮನೆಯ ಹಿರಿಯ ಹೆಣ್ಣು ನನ್ನನ್ನು ಕರೆಸಿದ್ದಾಳೆ, ಅವನೇ ಕರೆಯಲು ಬಂದಿದ್ದಾನೆ, ತಲೆ ಎತ್ತದೆ ನಿಂತಿದ್ದಾನೆ. ಇನ್ನೇನು ಅರ್ಥ ಮಾಡಿಕೊಳ್ಳಲಿ? ಮದುವೆಯಾಗದವಳಿಗೆ ಉಡಿ ತುಂಬುವುದಿಲ್ಲ, ಸರಿ. ಆದರೆ ಅರಿಶಿಣ-ಕುಂಕುಮ ಎಲ್ಲ ಹೆಣ್ಣುಮಕ್ಕಳಿಗೂ ಉಂಟು. ಮಹಾದೇವಿಯ ಕೈಯಿಂದ ನನ್ನ ಹಣೆಗೊಂದು ಕುಂಕುಮ ಬಿದ್ದರೆ ಮುಂದಿನ ಮಾತು ತಾನಾಗಿ ಬರುತ್ತದೆ ಎಂದುಕೊಂಡೆ.

ಶುಕ್ರವಾರ ಟ್ರಂಕಿನ ತಳದಿಂದ ಹಸಿರು ಸೀರೆ ತೆಗೆದೆ. ಚಾಚಿ ತಾನೇ ಬಳೆ ಏರಿಸಿದಳು. "ಎಷ್ಟ ಚಂದ ಕಾಣ್ಲಿಕತ್ತೀ, ಯಾರ ನದರ ಆಗ್ಬಾರ್ದು" ಎಂದು ನನ್ನ ಗಲ್ಲ ಮುಟ್ಟಿ ಬೆರಳು ಮುರಿದಳು. ತಲೆಗೆ ಮಲ್ಲಿಗೆ ಮುಡಿದು, ರಾಡಿಯಲ್ಲಿ ಸೀರೆ ಎತ್ತಿ ಹಿಡಿದು, ನೆಟ್ಟಗೆ ಬೆನ್ನು ಮಾಡಿ ನಡೆದುಹೋದೆ.

ರೈಲ್ವೆ ಕ್ವಾರ್ಟರ್ಸಿನ ಸಣ್ಣ ಪಡಸಾಲೆಯಲ್ಲಿ ಹೆಂಗಸರು ಸಾಲಾಗಿ ಕೂತಿದ್ದರು. ನಾನು ಒಳಗೆ ಕಾಲಿಟ್ಟದ್ದೇ ಎಲ್ಲರೂ ಎದ್ದು ನಿಂತರು.

"ಅವ್ವಾರು ಬಂದ್ರು, ಕುರ್ಚಿ ಕೊಡ್ರಿ ಅವ್ವಾರಿಗಿ!"

"ಬ್ಯಾಡ್ರಿ, ನಾನೂ ಚಾಪಿ ಮ್ಯಾಲೇ ಕುಂದರ್ತೀನಿ" ಎಂದು ಸಾಲಿನಲ್ಲಿ ಕೂತೆ. ಮಹಾದೇವಿ ಬಟ್ಟಲು ಹಿಡಿದು ಒಬ್ಬೊಬ್ಬರ ಹಣೆಗೆ ಕುಂಕುಮ ಹಚ್ಚುತ್ತ ಬಂದಳು. ಮೂವತ್ತರ ಹೆಂಗಸು, ನಗುಮುಖ. ನನ್ನ ಎಡಕ್ಕೆ ಕೂತವಳಿಗೆ ಹಚ್ಚಿದಳು. ನಾನು ಮುಖ ಎತ್ತಿದೆ. ಅವಳ ಬೆರಳು ಕುಂಕುಮದಲ್ಲಿತ್ತು. ನನ್ನ ಹಣೆ ನೋಡಿದಳು, ಬೆರಳು ಅಲ್ಲೇ ನಿಂತಿತು. ಆಮೇಲೆ ಬಟ್ಟಲು ನನ್ನನ್ನು ದಾಟಿ ಬಲಕ್ಕೆ ಕೂತವಳ ಕಡೆಗೆ ಹೋಯಿತು.

ಯಾರಿಗೂ ಅದು ವಿಚಿತ್ರ ಅನಿಸಲಿಲ್ಲ. ಎರಡು ತಿಂಗಳಿಂದ ಅವರು ನನ್ನನ್ನು ಗಂಡ ಸತ್ತವಳಾಗಿ ನೋಡಿದ್ದರು, ನನ್ನ ಬರಿ ಹಣೆ ನೋಡಿ ಅತ್ತಿದ್ದರು. ನಾಟಕ ಎಂದು ಅವರಿಗೆ ಗೊತ್ತಿರಲಿಲ್ಲವೆಂದಲ್ಲ. ಕೈಗೆ ಗೊತ್ತಿರಲಿಲ್ಲ. ಹಸಿರು ಬಳೆ, ಮಲ್ಲಿಗೆ ಯಾವುದೂ ಅವರಿಗೆ ಕಾಣಿಸಲಿಲ್ಲ. ಒಬ್ಬರ ಮುಖದಲ್ಲಾದರೂ ಕೆಟ್ಟ ಭಾವ ಇದ್ದಿದ್ದರೆ ಜಗಳ ಮಾಡಬಹುದಿತ್ತು, ನನಗೆ ಬಾಯಿಗೇನೂ ಕಡಿಮೆ ಇಲ್ಲ. ಇಷ್ಟು ಪ್ರೀತಿಯಿಂದ ದಾಟಿ ಹೋದವರ ಹತ್ತಿರ ಏನೆಂದು ಜಗಳ ಮಾಡುವುದು?

ಉಡಿ ತುಂಬಿದ ಮೇಲೆ ಮಹಾದೇವಿ ನನ್ನ ಮುಂದೆ ಬಂದು ಬಗ್ಗಿದಳು. "ಅವ್ವಾ, ಹರಸ್ರಿ. ನಿಮ್ಮ ಪಾದ ನಮ್ಮ ಮನ್ಯಾಗ ಬೀಳಲಿ ಅಂತ ಕರಸೀನಿ." ಅವಳ ಹಿಂದೆ ಉಳಿದವರೂ ಬಂದರು, ನನ್ನ ತಾಯಿಯ ವಯಸ್ಸಿನವರೂ. ಕೊನೆಗೆ ಬಾಗಿಲ ಹೊರಗೆ ನಿಂತಿದ್ದ ಶರಣಪ್ಪ ಒಳಗೆ ಬಂದ. ನೆಲಕ್ಕೆ ಹಣೆ ಹಚ್ಚಿ ನನ್ನ ಎರಡೂ ಪಾದ ಹಿಡಿದ.

"ನಮ್ಮವ್ವ ಹೋದಾಗ ನಾ ಭಾಳ ಸಣ್ಣಾವ. ಮಾರಿ ನೆನಪಿಲ್ರಿ. ಈಗ ಅವ್ವ ಅಂದ್ರ ನಿಮ್ಮ ಮಾರೀನೇ ಕಣ್ಣ ಮುಂದ ಬರ್ತದ."

ನನ್ನ ಕೈ ಅವನ ತಲೆಯ ಮೇಲೆ ಹೋಯಿತು. "ನೂರು ವರ್ಷ ಬಾಳಪ್ಪಾ ನನ ಕಂದಾ" ಎಂದಿತು ನನ್ನ ಬಾಯಿ. ಗಿರಿಜಾಳ ದನಿಯಲ್ಲಲ್ಲ, ರಂಗದ ಮೇಲಿನ ಮುದುಕಿಯ ದನಿಯಲ್ಲಿ, ನಡುಗುತ್ತ, ಕೊನೆಗೊಂದು ಕೆಮ್ಮೂ ಸೇರಿಸಿ. ನನಗೆ ನನ್ನ ಮೇಲೆಯೇ ಭಯವಾಯಿತು. ಎದ್ದು ಬರುವಾಗ ಬೆನ್ನು ಬಾಗಿತ್ತು.

ಚಾಚಿಗೆ ಏನೂ ಹೇಳಲಿಲ್ಲ. ಭಾನುವಾರ ಮಧ್ಯಾಹ್ನದ ಆಟಕ್ಕೆ ಬಣ್ಣದ ಕೋಣೆಯಲ್ಲಿ ಕೂತಾಗ ಒಂದು ಹಟ ಹುಟ್ಟಿತು. ಪುಡಿ ಹಚ್ಚಲಿಲ್ಲ. ಕರಿ ಕೂದಲು ಬಿಟ್ಟುಕೊಂಡೆ. ಬಿಳಿ ಸೀರೆಯ ಮೇಲೆ ಎರಡೂ ಕೈ ತುಂಬ ಹಸಿರು ಬಳೆ ಏರಿಸಿದೆ. ಹಣೆಗೆ ರೂಪಾಯಿ ಅಗಲದ ಕುಂಕುಮ ಇಟ್ಟೆ. ಪಕ್ಕದ ಕನ್ನಡಿಯಲ್ಲಿ ಲೀಲಾಬಾಯಿ ನೋಡಿದಳು.

"ಏನು ನಡಸೀ? ಮಾಲಕರು ಹೊಡೀತಾರ."

"ಹೊಡೀಲಿ. ನಾ ಮುದುಕಿ ಅಲ್ಲ ಅಂತ ಈ ಊರಿಗಿ ಗೊತ್ತಾಗ್ಲಿ. ನಿಮಗೇನು ಗೊತ್ತಾಗ್ತದ ಲೀಲಕ್ಕಾ, ನೀವು ನಾಯಕಿ."

ಅವಳು ಸೊಂಟಕ್ಕೆ ಎಣ್ಣೆ ತಿಕ್ಕಿಕೊಳ್ಳುತ್ತಿದ್ದಳು. "ನಾಯಕಿ! ಈ ನಡ ಮುರದ್ರೂ ನಾ ಕುಣೀಬೇಕು, ಮುವ್ವತ್ತೈದಾದ್ರೂ ಹದಿನಾರು ಅನ್ನಬೇಕು. ನಿನಗ ವೇಷದಿಂದ ಹೊರಗ ಬರೋದದ, ನನಗ ವೇಷದ ಒಳಗ ಉಳಿಯೋದದ. ಇಬ್ರೂ ಕೂಡಿ ಸಾಯಾಕತ್ತೀವಿ" ಎಂದಳು. ಆಗ ಗಂಟೆ ಬಾರಿಸಿದರು.

ಮಗ ಊರಿಂದ ಬರುವ ದೃಶ್ಯಕ್ಕೆ ನಾನು ಹೋಗಿ ನಿಂತೆ. ಬೆನ್ನು ನೆಟ್ಟಗಿತ್ತು. ಈಗ ಯಾರಾದರೂ ನಗುತ್ತಾರೆ, ಶಿಳ್ಳೆ ಹಾಕುತ್ತಾರೆ, 'ಇವಳು ಹುಡುಗಿ' ಎನ್ನುತ್ತಾರೆ ಎಂದು ಕಾದೆ. ಮುಂದಿನ ಚಾಪೆಯಿಂದ ಒಬ್ಬ ಹೆಂಗಸು ಎದ್ದು ನಿಂತಳು. ದನಿಯಲ್ಲಿ ಅಳು ತುಂಬಿತ್ತು.

"ಅಯ್ಯ ನಮ್ಮವ್ವಾ! ಮಗ ಇಲ್ದ ಬುದ್ಧಿ ಭ್ರಮಿ ಆಗ್ಯದ ನೋಡ್ರಿ. ಗಂಡ ಹೋದದ್ದು ಮರತಾಳ ಪಾಪ!"

ಅಷ್ಟೇ ಸಾಕಾಯಿತು. ಇಡೀ ಹೆಂಗಸರ ಕಡೆ ಗೊಳೋ ಎಂದು ಅಳತೊಡಗಿತು. ಮಾಲಕರು ಒಳಗೆ ಬಂದರು, ನನ್ನ ಅವತಾರ ನೋಡಿ ಒಂದು ಗಳಿಗೆ ಕಲ್ಲಾದರು. ಅಳು ಕೇಳಿಸಿತು ಅವರಿಗೆ. ಮೂವತ್ತು ವರ್ಷ ರಂಗದ ಮೇಲಿದ್ದ ಮನುಷ್ಯ. ಓಡಿ ಬಂದು ಮಂಡಿಯೂರಿ, "ಅವ್ವಾ, ಅಪ್ಪ ಇಲ್ಲವ್ವಾ, ಅಪ್ಪ ಇಲ್ಲ!" ಎಂದು ತಮ್ಮ ಶಲ್ಯದ ಅಂಚಿನಿಂದ ನನ್ನ ಹಣೆ ಒರೆಸಿದರು. ಕೈ ಕೊಡವಿಕೊಂಡೆ. ಬಿಡಲಿಲ್ಲ. ಬಳೆಗಳನ್ನು ಒಂದಕ್ಕೊಂದು ಒತ್ತಿ ಒಡೆದರು. ನಾನು ನಿಜವಾಗಿ ಅತ್ತೆ. ಬ್ಯಾಡ್ರಿ, ಬ್ಯಾಡ್ರಿ ಎಂದು ಕೂಗಿದೆ. ಅದೂ ನಾಟಕವಾಯಿತು.

ಜನ ಕೂಗಿದರು: "ಒನ್ಸ್ ಮೋರ್!"

ಕುಂಕುಮದ ಭರಣಿ ತರಿಸಿ, ಮತ್ತೆ ಹಚ್ಚಿ, ಮತ್ತೆ ಒರೆಸಿದರು.

ಪರದೆ ಬಿದ್ದ ಮೇಲೆ ಏಟು ಬೀಳುತ್ತದೆಂದು ಮುಖ ಕೊಟ್ಟು ನಿಂತೆ. ಮಾಲಕರ ಕಣ್ಣಲ್ಲಿ ನೀರಿತ್ತು, ಸಂತೋಷದ್ದು. "ಇಂಥಾ ತೆಲಿ ಇಷ್ಟ ದಿನ ಎಲ್ಲಿ ಇಟ್ಟಿದ್ದಿ? ನಾಳಿಂದ ದಿನಾ ಹಿಂಗೇ ಮಾಡು. ಪುಡಿ ಮಾತ್ರ ಹಚ್ಕೋ."

ಅಂದಿನಿಂದ ದಿನಾಲೂ ನನ್ನ ಹಣೆಗೆ ಕುಂಕುಮ ಬಿತ್ತು, ಒರೆಸಲಿಕ್ಕೆಂದೇ. ನಾಯಕಿಯಾಗಲು ತಂದ ಬಳೆಗಳು ಮೊದಲ ದಿನವೇ ಮುಗಿದಿದ್ದವು, ಆಮೇಲೆ ಕಂಪನಿಯೇ ತರಿಸಿಕೊಟ್ಟಿತು. ಸೆರೆಮನೆಯ ಗೋಡೆ ಒದ್ದವಳಿಗೆ ಆ ಕಲ್ಲನ್ನೇ ತೆಗೆದು ಇನ್ನೊಂದು ಗೋಡೆ ಕಟ್ಟಿಕೊಟ್ಟ ಹಾಗಾಯಿತು. ಶಹಾಬಾದಿನಿಂದ, ಚಿತ್ತಾಪುರದಿಂದ ಜನ ಗಾಡಿ ಹಿಡಿದು ಬರತೊಡಗಿದರು. ಶರಣಪ್ಪ ಆ ದೃಶ್ಯ ಬಂದಾಗ ಎದ್ದು ಹೊರಗೆ ಹೋಗುತ್ತಿದ್ದ. ನೋಡಲಾಗುವುದಿಲ್ಲ ಎಂದು ಯಾರಿಗೋ ಹೇಳಿದನಂತೆ, ಹೆತ್ತ ತಾಯಿಯ ಕುಂಕುಮ ಒರೆಸುವುದನ್ನು ಹೇಗೆ ನೋಡಲಿ ಎಂದು.

ಊರೆಲ್ಲ ಮಾತಾಡುವುದು ಕೇಳಿ ಕೇಳಿ ಕೊನೆಗೆ ಚಾಚಿಯೂ ಒಂದು ದಿನ ಬುರ್ಖಾ ಹಾಕಿಕೊಂಡು ನಾಟಕಕ್ಕೆ ಹೋದಳು. ನಾನೇ ಬೇಡ ಎಂದಿದ್ದೆ, ಕೇಳಲಿಲ್ಲ. ಮಾರನೆಯ ಬೆಳಿಗ್ಗೆ ಎಣ್ಣೆಯ ಬಟ್ಟಲು ಹಿಡಿದು ನಾನೇ ಅವಳ ಮುಂದೆ ಹೋಗಿ ಕೂತೆ. ಚಾಚಿ ಬಟ್ಟಲು ಇಸಿದುಕೊಂಡಳು. ತಲೆ ಮುಟ್ಟುವ ಮೊದಲು ಒಂದು ಗಳಿಗೆ ತಡೆದಳು. ಆಮೇಲೆ ಮೆಲ್ಲಗೆ, ನನಗೆಂದೂ ಆಡದ ಗೌರವದ ಮಾತಿನಲ್ಲಿ ಹೇಳಿದಳು:

"ನೆಲದ ಮ್ಯಾಲ ಯಾಕ ಕುಂತ್ರಿ ಅಮ್ಮಾ? ಮಣಿ ಮ್ಯಾಲ ಕುಂದ್ರಿ."

ಎದ್ದು ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡೆ. ಅಷ್ಟು ಅತ್ತದ್ದು ಯಾವ ನಾಟಕದಲ್ಲೂ ಇಲ್ಲ.

ಮಳೆಗಾಲದ ಕೊನೆಯಲ್ಲಿ ಎಲ್ಲೋ ಹಳಿ ಕೊಚ್ಚಿ ಹೋಗಿ ಮದ್ರಾಸಿನ ಗಾಡಿ ಇಡೀ ದಿನ ವಾಡಿಯಲ್ಲಿ ನಿಂತಿತು. ಹೊತ್ತು ಹೋಗದ ಪ್ರಯಾಣಿಕರು ನಮ್ಮ ಮಧ್ಯಾಹ್ನದ ಆಟಕ್ಕೆ ಬಂದರು. ಅವರಲ್ಲಿ ಸಿನಿಮಾ ಕಂಪನಿಯವರೊಬ್ಬರಿದ್ದರು. ಆಟ ಮುಗಿದ ಮೇಲೆ ಬಣ್ಣದ ಕೋಣೆಗೆ ಬಂದು, ಆಗತಾನೇ ಮುಖ ತೊಳೆದಿದ್ದ ನನಗೆ, "ನಿಮ್ಮ ತಾಯಿಯವರನ್ನು ಸ್ವಲ್ಪ ಕರೀಮ್ಮಾ" ಎಂದರು.

"ನಾನೇರಿ ಆಕಿ" ಎಂದೆ.

ಮನುಷ್ಯ ಕೂತುಬಿಟ್ಟರು. ಮದ್ರಾಸಿಗೆ ಬರುತ್ತೀರಾ ಎಂದರು. ಏನು ಪಾತ್ರ ಎಂದೆ. ತಾಯಿ ಎಂದರು. ನಾಯಕಿಯ ಪಾತ್ರ ಕೊಡುತ್ತೀರಾ ಎಂದೆ. "ಮೊದಲು ಒಳಗೆ ಬನ್ನಿ, ಆಮೇಲೆ ನೋಡೋಣ" ಎಂದರು. ಎಂಟು ದಿನದ ಮಾತು ಎಂಬುದನ್ನೇ ಮದ್ರಾಸಿನಲ್ಲಿ ಹೀಗೆ ಹೇಳುತ್ತಾರೆ. ಗೊತ್ತಿದ್ದೂ ಹೊರಟೆ. ಆ ತಗಡಿನಿಂದ ಹೊರಗೆ ಹೋಗುವ ಯಾವ ಬಾಗಿಲಾದರೂ ಸರಿ ಎನಿಸಿತ್ತು.

ವಾಡಿ ಬಿಟ್ಟೆ, ಅವ್ವ ನನ್ನನ್ನು ಬಿಡಲಿಲ್ಲ. ಅಂದಿನಿಂದ ಇವತ್ತಿನ ತನಕ ನಾನು ಹೆತ್ತ ನಾಯಕರಲ್ಲಿ ಅರ್ಧ ಜನ ನನಗಿಂತ ದೊಡ್ಡವರು. ಹೊಲಿಗೆ ಯಂತ್ರ ತುಳಿದಿದ್ದೇನೆ, ಬೀಸಿದ್ದೇನೆ, ಕುರುಡಿಯಾಗಿದ್ದೇನೆ, ಕೊನೆಯ ದೃಶ್ಯಕ್ಕಿಂತ ಸ್ವಲ್ಪ ಮೊದಲು ಸತ್ತಿದ್ದೇನೆ. ಪೋಸ್ಟರಿನಲ್ಲಿ ನನ್ನ ಮುಖ ಮೂಲೆಯಲ್ಲಿರುತ್ತದೆ, ಕೆಲವೊಮ್ಮೆ ಅಂಟಿಸುವಾಗ ಕಂಬದ ಹಿಂದಕ್ಕೆ ಹೋಗುತ್ತದೆ. ನನ್ನ ಹೆಸರು ಕೇಳಿದರೆ ಜನಕ್ಕೆ ಗೊತ್ತಾಗುವುದಿಲ್ಲ, ಮುಖ ನೋಡಿದರೆ ಕೈ ಮುಗಿಯುತ್ತಾರೆ. ಮದುವೆಯ ಮಾತು ಎರಡು ಸಲ ಬಂತು. ಹುಡುಗಿ ನೋಡಲು ಬಂದವರು ಎರಡು ಸಲವೂ ಎದ್ದು ನಿಂತರು. ಮೂರನೆಯ ಸಲ ನಾನೇ ಬೇಡ ಎಂದೆ.

ಇದನ್ನೆಲ್ಲ ನೆನೆಯುತ್ತ ಹೋದವಳು ಎಲ್ಲಿ ಬಂದೆ ಎಂದು ನೋಡಿದರೆ ಹಳೆಯ ಬಯಲು ದಾಟಿದ್ದೆ. ಅಲ್ಲೀಗ ಗೋದಾಮು. ಕ್ವಾರ್ಟರ್ಸಿನ ಹಿಂದೆ ಒಂದು ಸಣ್ಣ ಕಲ್ಲಿನ ಮನೆಯ ಕಟ್ಟೆಯ ಮೇಲೆ ಒಬ್ಬ ಹೆಂಗಸು ಮೊರದಲ್ಲಿ ಜೋಳ ಹಸನು ಮಾಡುತ್ತ ಕೂತಿದ್ದಳು. ತಲೆ ಎತ್ತಿದಳು. ಮೊರ ಕೆಳಗಿಟ್ಟು ಎದ್ದು ನಿಂತಳು.

"ಅವ್ವಾ! ನೀವೇನ್ರಿ?"

ಮಹಾದೇವಿ. ಕಾಲಿಗೆ ಬೀಳಲು ಬಗ್ಗಿದವಳನ್ನು ತೋಳು ಹಿಡಿದು ಎತ್ತಿದೆ. ಹಣೆಯ ಮೇಲೆ ವಿಭೂತಿ ಮಾತ್ರ ಇತ್ತು. ಕೈಯಲ್ಲಿ ಬಳೆ ಇರಲಿಲ್ಲ.

"ಯಾವಾಗ?" ಎಂದೆ.

"ಎರಡು ವರ್ಷಾತ್ರಿ. ಡ್ಯೂಟಿಯಿಂದ ಬಂದು ಮಲಗಿದ್ರು, ಏಳಲೇ ಇಲ್ಲ. ಕುಂದ್ರಿ ಅವ್ವಾ, ಚಹಾ ಮಾಡಸ್ತೀನಿ."

ಸೊಸೆ ಚಹಾ ತಂದಿಟ್ಟು ನನ್ನನ್ನೇ ನೋಡುತ್ತ ಒಳಗೆ ಹೋದಳು. ಶರಣಪ್ಪ ಡ್ರೈವರ್ ಆಗಿ ಗುಂತಕಲ್ಲಿಗೆ ವರ್ಗವಾಗಿದ್ದಾನೆ, ಮೂರು ಮಕ್ಕಳು. "ನಿಮ್ಮ ಸಿನಿಮಾ ಬಂದ್ರ ಸಾಕು, ಎಲ್ಲಾರ್ನೂ ಕರ್ಕೊಂಡು ಹೋಗ್ತಾನ. ಇಕಾ ನೋಡ್ರಿ ನಮ್ಮವ್ವ ಅಂತಾನ" ಎಂದಳು. ನಾನು ಚಹಾ ಆರಿಸಿಕೊಂಡು ಕುಡಿದೆ.

ಮಹಾದೇವಿ ಜೋಳದಲ್ಲಿ ಬೆರಳಾಡಿಸಿದಳು. "ಅವ್ವಾ, ಒಂದು ಮಾತದ. ಅವತ್ತ ಶುಕ್ರವಾರ ನಾ ನಿಮಗ ಕುಂಕುಮ ಹಚ್ಚಲಿಲ್ಲ. ಬಟ್ಲು ನನ್ನ ಕೈಯಾಗೇ ಇತ್ತು. ಕೈ ಬರಲಿಲ್ರಿ. ಅವತ್ತ ನಿಮಗ ಏನನಸ್ತೋ, ನನಗ ತಿಳೀಲಿಲ್ಲ. ಇವರು ಹೋದ ಮ್ಯಾಲ, ಬಾಜೂ ಮನ್ಯಾಕಿ ಬಟ್ಲು ಹಿಡ್ಕೊಂಡು ನನ್ನ ಮುಂದ ಬಂದ್ಲು, ನಿಂತ್ಲು, ಮುಂದ ಹೋದ್ಲು. ಆವಾಗ ತಿಳೀತು."

ಇಷ್ಟು ವರ್ಷ ಅದನ್ನು ನಾನೊಬ್ಬಳೇ ಹೊತ್ತಿದ್ದೇನೆ ಎಂದುಕೊಂಡಿದ್ದೆ.

"ಈಗ ಹಚ್ಚು" ಎಂದೆ.

"ಈಗ ಹ್ಯಾಂಗ ಹಚ್ಚಲೆವ್ವಾ? ನನ್ನ ಕೈಲೆ ಹಚ್ಚಬಾರ್ದು."

ನಾನೇ ಎದ್ದು ಒಳಗೆ ಹೋಗಿ ದೇವರ ಜಗಲಿಯ ಮೇಲಿನ ಕುಂಕುಮದ ಬಟ್ಟಲು ತಂದೆ. ಅವಳ ಬೆರಳು ಹಿಡಿದು ಅದರಲ್ಲಿ ಅದ್ದಿದೆ. ಓಣಿಯಲ್ಲಿ ನಾಲ್ಕು ಜನ ನಿಂತಿದ್ದರು.

"ಮಂದಿ ನೋಡ್ಲಿಕತ್ತಾರವ್ವಾ!"

"ನೋಡ್ಲಿ ಬಿಡು. ಶೂಟಿಂಗ್ ನಡದದ ಅಂತ ತಿಳ್ಕೋತಾರ."

ಅವಳಿಗೆ ನಗು ಬಂತು, ನಗುತ್ತ ನಗುತ್ತ ಕಣ್ಣು ತುಂಬಿತು. ಆ ಬೆರಳಿನಿಂದಲೇ ಹಚ್ಚಿದಳು, ಸೊಟ್ಟಗೆ, ಬಲ ಹುಬ್ಬಿನ ಕಡೆಗೆ ವಾಲಿಸಿ. ನಾನೂ ಬೆರಳದ್ದಿ ಅವಳ ಹಣೆಯ ಕಡೆ ಕೈ ಒಯ್ದೆ. ಅವಳು ತಟ್ಟನೆ ಹಿಂದೆ ಸರಿದಳು. "ಬ್ಯಾಡ್ರಿ, ಸೊಸಿ ಒಳಗದಾಳ" ಎಂದಳು. ನಾನು ಒತ್ತಾಯ ಮಾಡಲಿಲ್ಲ.

"ಒಂದು ಮಾತು ಕೇಳು ಮಹಾದೇವಿ. ನಾ ನಿನಗಿಂತ ಎಂಟು ವರ್ಷ ಸಣ್ಣಾಕಿ. ಇನ್ನ ಮ್ಯಾಲ ನನಗ ಅವ್ವ ಅನ್ನಬ್ಯಾಡ."

"ಆಯ್ತವ್ವಾ" ಎಂದಳು.

ಸ್ಟೇಷನ್ನಿಗೆ ಬರುವಷ್ಟರಲ್ಲಿ ಗಾಡಿ ನಿಂತಿತ್ತು. ಶೈಲಾ ಕೈ ಮಾಡಿ ಕರೆದಳು. ಹತ್ತಿ ಕೂತ ಮೇಲೆ ನನ್ನ ಮುಖ ನೋಡಿ ಗಾಬರಿಯಾದಳು. "ಅಮ್ಮಾ, ಹಣೆ ಮೇಲೆ ಕುಂಕುಮ! ಇಳಿದ ತಕ್ಷಣ ಶಾಟ್ ಇದೆ, ವಿಧವೆ ಪಾತ್ರ" ಎಂದು ಚೀಲದಿಂದ ಹತ್ತಿ, ಎಣ್ಣೆ ತೆಗೆದಳು.

"ಶಹಾಬಾದ್ ಬರಲಿ" ಎಂದೆ.

ಕಿಟಕಿಯ ಹೊರಗೆ ಮಳೆ ಮತ್ತೆ ಹಿಡಿದಿತ್ತು. ಗಣಿಗಳಲ್ಲಿ ನೀರು ನಿಂತಿತ್ತು, ದಂಡೆಯ ಮೇಲೆ ಫರಸಿಗಳು ಒಂದರ ಮೇಲೊಂದು ಒರಗಿದ್ದವು. ಎದುರಿನ ಸೀಟಿನಲ್ಲಿ ಕೂತಿದ್ದ ಒಬ್ಬ ಮುದುಕಿ ನನ್ನ ಹಣೆ ನೋಡಿ, ನನ್ನ ಮುಖ ನೋಡಿ, "ಎಲ್ಲಿಗಿ ಹೊಂಟಿ ತಂಗಿ?" ಎಂದು ಕೇಳಿದಳು. ಸಿನಿಮಾ ನೋಡುವವಳಲ್ಲ ಅಂತ ಕಾಣುತ್ತದೆ. ಇಲ್ಲೇ ಶಹಾಬಾದಿಗೆ ಎಂದೆ, ಗಿರಿಜಾಳ ದನಿಯಲ್ಲಿ.

ವಾಡಿಯಿಂದ ಶಹಾಬಾದ್ ಏನು ಮಹಾ ದೂರ? ಮುದುಕಿಯ ಎಲೆ-ಅಡಿಕೆ ಮುಗಿಯುವಷ್ಟರಲ್ಲಿ ಬಂದುಬಿಟ್ಟಿತು. ಗಾಡಿ ನಿಂತಾಗ ಶೈಲಾ ಹತ್ತಿ ಹಿಡಿದು ನನ್ನ ಹಣೆಗೆ ಕೈ ತಂದಳು. ಹತ್ತಿಯನ್ನು ಅವಳ ಕೈಯಿಂದ ಇಸಿದುಕೊಂಡೆ. ಇಷ್ಟು ವರ್ಷಗಳಲ್ಲಿ ಮೊದಲ ಸಲ ಬೇರೆಯವರಿಗೆ ಬಿಡದೆ, ನನ್ನ ಹಣೆಯನ್ನು ನಾನೇ ಒರೆಸಿಕೊಂಡೆ.